ಕನಸು ಬರೆದುಕೊಟ್ಟ ಗೆಳತಿ

ಕನಸನ್ನು ದಾಖಲಿಸುವ ಯಂತ್ರವನ್ನು ಮೊದಲು ಕಲ್ಪಿಸಿಕೊಂಡವರು ಯಾರು ಎಂದು ಯಾರಾದರೂ ಕೇಳಿದರೆ, ನಾನು ಈಗ ಅಸ್ಸಾಮಿನ ತೇಜ್‌ಪುರದ ಕಡೆಗೆ ಕೈ ತೋರಿಸುತ್ತೇನೆ. ಅಲ್ಲಿ ಬ್ರಹ್ಮಪುತ್ರಾ ದಂಡೆಯ ಮೇಲೆ ಅಗ್ನಿಗಢ ಎಂಬ ಗುಡ್ಡವಿದೆ. ಬಾಣಾಸುರ ತನ್ನ ಮಗಳು ಉಷೆಯನ್ನು ಬೆಂಕಿಯ ಕೋಟೆ ಕಟ್ಟಿ ಕಾದದ್ದು ಇಲ್ಲೇ ಎಂದು ಊರಿನವರು ನಂಬುತ್ತಾರೆ. ಪುರಾಣದ ಶೋಣಿತಪುರ ಇದೇ ಎಂಬ ನಂಬಿಕೆ ಎಷ್ಟು ಗಟ್ಟಿಯೆಂದರೆ ಜಿಲ್ಲೆಗೂ ಅದೇ ಹೆಸರು. ಗುಡ್ಡದ ಮೇಲೆ ಕಥೆಯನ್ನು ಹೇಳುವ ಶಿಲ್ಪಗಳಿವೆ. ಹರಿಹರರ ಯುದ್ಧದ ಮುಂದೆ ಜನ ಗುಂಪಾಗಿ ಫೋಟೊ ತೆಗೆಸಿಕೊಳ್ಳುತ್ತಿದ್ದರು. ನನ್ನ ಕಾಲು ನಿಂತದ್ದು ಉಷೆ ಮತ್ತು ಅವಳ ಗೆಳತಿ ಚಿತ್ರಲೇಖೆಯರ ಎದುರು.

ಕಥೆ ನಮಗೇನೂ ಹೊಸದಲ್ಲ. ಕನಕದಾಸರು ‘ಮೋಹನತರಂಗಿಣಿ’ಯಲ್ಲಿ ಇದನ್ನು ಸಾಂಗತ್ಯಕ್ಕೆ ತಂದಿದ್ದಾರೆ, ಯಕ್ಷಗಾನದ ಬಾಣಾಸುರ ಈಗಲೂ ರಂಗದಲ್ಲಿ ಅಬ್ಬರಿಸುತ್ತಾನೆ. ಆದರೆ ಆ ಅಬ್ಬರಕ್ಕೆ ಕಾಯುವ ಆತುರದಲ್ಲಿ ಚಿತ್ರಲೇಖೆಯನ್ನು ನಾವು ಬೇಗ ದಾಟಿಬಿಡುತ್ತೇವೆ. ತೇಜ್‌ಪುರದವರು ದಾಟಿಲ್ಲ. ಬ್ರಿಟಿಷರ ಕಾಲದ ಕೋಲ್ ಪಾರ್ಕ್‌ಗೆ ಅವರು ಕೊಟ್ಟಿರುವ ಹೆಸರು ‘ಚಿತ್ರಲೇಖಾ ಉದ್ಯಾನ’. ಅಸ್ಸಾಮಿನ ಮೊದಲ ಚಲನಚಿತ್ರ ‘ಜೊಯ್‌ಮತಿ’ಯನ್ನು 1935ರಲ್ಲಿ ತೆರೆಗೆ ತಂದ ಜ್ಯೋತಿಪ್ರಸಾದ ಅಗರ್‌ವಾಲಾ ಎಳೆಯ ವಯಸ್ಸಿನಲ್ಲೇ ಉಷೆಯ ಕಥೆಯನ್ನು ‘ಶೋಣಿತ ಕುವರಿ’ ಎಂಬ ನಾಟಕ ಮಾಡಿದ್ದರು.

ಊರಿಗೆ ಬಂದವನೇ ಭಾಗವತದ ಹತ್ತನೆಯ ಸ್ಕಂಧ ತೆರೆದೆ. ಚಿತ್ರಲೇಖೆ ಕೆಲಸ ಮಾಡುವ ಕ್ರಮ ಓದಿ ಬೆರಗಾದೆ. ಕಂಡು ಕೇಳರಿಯದ ಒಬ್ಬ ತರುಣನನ್ನು ಕನಸಿನಲ್ಲಿ ಕೂಡಿದ ಉಷೆ ‘ಎಲ್ಲಿ ಹೋದೆ?’ ಎನ್ನುತ್ತ ಸಖಿಯರ ನಡುವೆ ಎಚ್ಚರಗೊಳ್ಳುತ್ತಾಳೆ. ಮಂತ್ರಿ ಕುಂಭಾಂಡನ ಮಗಳು ಚಿತ್ರಲೇಖೆ ಮೊದಲು ಮಾಡುವುದು ವಿಚಾರಣೆ. ಉಷೆ ಹೇಳುತ್ತಾಳೆ: ಶ್ಯಾಮಲ ವರ್ಣ, ತಾವರೆಯ ಕಣ್ಣು, ಪೀತಾಂಬರ, ನೀಳ ತೋಳು. ಇಷ್ಟು ಗುರುತು ಸಿಕ್ಕರೆ ಯಾವ ಚಿತ್ರಗಾರನಾದರೂ ಒಂದು ಮುಖ ಬರೆದು ಮುಗಿಸುತ್ತಿದ್ದ. ಚಿತ್ರಲೇಖೆ ಹಾಗೆ ಮಾಡುವುದಿಲ್ಲ. ದೇವತೆಗಳು, ಗಂಧರ್ವರು, ಸಿದ್ಧರು, ಚಾರಣರು, ನಾಗರು, ದೈತ್ಯರು, ಯಕ್ಷರು, ಮನುಷ್ಯರು ಹೀಗೆ ಮೂರು ಲೋಕದ ಮುಖಗಳನ್ನು ಬರೆದು ಒಂದೊಂದಾಗಿ ಗೆಳತಿಯ ಮುಂದಿಡುತ್ತಾಳೆ. ಮನುಷ್ಯರಲ್ಲಿ ವೃಷ್ಣಿಗಳಿಗೆ ಬರುತ್ತಾಳೆ. ಶೂರ, ವಸುದೇವ, ಬಲರಾಮ, ಕೃಷ್ಣ. ಆಮೇಲೆ ಪ್ರದ್ಯುಮ್ನ. ಆ ಚಿತ್ರ ಕಂಡದ್ದೇ ಉಷೆಗೆ ನಾಚಿಕೆಯಾಗುತ್ತದೆ.

ಈ ಪ್ರದ್ಯುಮ್ನನನ್ನು ಬಿಟ್ಟು ಮುಂದೆ ಹೋಗಲು ನನಗಾಗುತ್ತಿಲ್ಲ. ಅವನು ಕನಸಿಗೆ ಬಂದವನಲ್ಲ, ಬಂದವನ ತಂದೆ. ಅದು ಉಷೆಗೆ ಇನ್ನೂ ತಿಳಿದಿಲ್ಲ. ಮಾವನಾಗಲಿರುವವನ ಎದುರು ಸೊಸೆಯ ಸಂಕೋಚ ಎಂದು ಹೇಳಬಹುದು. ಆದರೆ ಅವನು ಮಾವ ಎಂದು ಅವಳ ಬುದ್ಧಿಗೆ ಹೇಳಿದವರಾರು? ನನಗೆ ಕಾಣುವ ಉತ್ತರ ಹೋಲಿಕೆ. ಮಗನ ಮೂಗು, ಹುಬ್ಬು, ನಿಲುವು ತಂದೆಯಲ್ಲಿ ಅರೆಬರೆ ಕಂಡಾಗ ಮೈ ಮೊದಲು ಗುರುತಿಸಿತು, ಮಾತು ಹಿಂದೆ ಬಿತ್ತು. ಮುಂದಿನ ಚಿತ್ರ ಅನಿರುದ್ಧನದು. ಅವಳು ತಲೆ ತಗ್ಗಿಸಿ, ಮುಗುಳ್ನಕ್ಕು, ‘ಇವನೇ, ಇವನೇ’ ಎನ್ನುತ್ತಾಳೆ. ಗುರಿಯ ಹತ್ತಿರ ಬಂದಾಗ ಸಣ್ಣ ಕಂಪನ, ಗುರಿ ಮುಟ್ಟಿದಾಗ ಪೂರ್ಣ ಒಪ್ಪಿಗೆ. ಕನಸಿನ ದಾಖಲೆ ಹೇಗೆ ನಡೆಯಬೇಕೆಂದು ಇದಕ್ಕಿಂತ ಚೆನ್ನಾಗಿ ಬರೆದವರನ್ನು ನಾನು ಓದಿಲ್ಲ.

ಇದು ಬರೀ ಪುರಾಣಪ್ರೀತಿಯ ಮಾತಲ್ಲ. ಹ್ಯಾನ್ಸ್ ಬರ್ಗರ್ 1924ರಲ್ಲಿ ಮನುಷ್ಯನ ಮಿದುಳಿನ ವಿದ್ಯುತ್ ಅಲೆಗಳನ್ನು ದಾಖಲಿಸಿದರು. 1953ರಲ್ಲಿ ಅಸೆರಿನ್‌ಸ್ಕಿ ಮತ್ತು ಕ್ಲೈಟ್‌ಮನ್ ನಿದ್ದೆಯಲ್ಲಿ ಕಣ್ಣಾಲಿ ಚುರುಕಾಗಿ ಓಡುವ ಹೊತ್ತಿಗೂ ಕನಸಿಗೂ ನಂಟಿದೆ ಎಂದು ತೋರಿಸಿದರು. ಕನಸು ಬಿದ್ದ ಹೊತ್ತು ಸಿಕ್ಕಿತು, ಬಿದ್ದದ್ದು ಏನೆಂಬುದು ಸಿಗಲಿಲ್ಲ. 2013ರಲ್ಲಿ ಜಪಾನಿನ ಕ್ಯೋಟೊದಲ್ಲಿ ಯುಕಿಯಾಸು ಕಮಿತಾನಿ ಅವರ ತಂಡ ಮೂವರನ್ನು ಸ್ಕ್ಯಾನರ್‌ನಲ್ಲಿ ಮಲಗಿಸಿತು. ಮಂಪರು ಹತ್ತುತ್ತಿದ್ದಂತೆ ಎಬ್ಬಿಸಿ ‘ಏನು ಕಂಡಿರಿ?’ ಎಂದು ಕೇಳಿತು. ಒಬ್ಬೊಬ್ಬರನ್ನೂ 200ಕ್ಕೂ ಹೆಚ್ಚು ಬಾರಿ ಹೀಗೆ ಎಬ್ಬಿಸಿದರು. ಎಚ್ಚರವಿದ್ದಾಗ ಅವರಿಗೆ ಮನುಷ್ಯ, ಮನೆ, ಕಾರು ಮುಂತಾದ ಚಿತ್ರಗಳನ್ನು ತೋರಿಸಿ, ಆಗ ಮಿದುಳು ಮಿಡಿದ ಬಗೆಯನ್ನು ಕಂಪ್ಯೂಟರಿಗೆ ಕಲಿಸಿದರು. ನಿದ್ದೆಯ ಮಿಡಿತಕ್ಕೆ ಅದನ್ನು ತಾಳೆ ನೋಡಿದರು. ಎರಡು ವಸ್ತುಗಳಲ್ಲಿ ಕನಸಿನಲ್ಲಿದ್ದದ್ದು ಯಾವುದೆಂದು ಹೇಳುವಾಗ ಸುಮಾರು 60% ಸರಿಯಾಯಿತು. ಕೇಳುವುದು, ಚಿತ್ರ ತೋರಿಸುವುದು, ಮೈಯ ಸ್ಪಂದನ ನೋಡುವುದು: ಚಿತ್ರಲೇಖೆಯ ದಾರಿಯೇ.

ಜರ್ಮನಿಯ ನಿರ್ದೇಶಕ ವಿಮ್ ವೆಂಡರ್ಸ್ 1991ರ ‘ಅಂಟಿಲ್ ದಿ ಎಂಡ್ ಆಫ್ ದಿ ವರ್ಲ್ಡ್’ ಚಿತ್ರದಲ್ಲಿ ಇಂಥದೇ ಯಂತ್ರವನ್ನು ತಂದರು. ಕುರುಡಿಗೆ ಲೋಕ ಕಾಣಿಸಲು ಹುಟ್ಟಿದ ಯಂತ್ರ ಕೊನೆಗೆ ಕನಸು ಹಿಡಿಯುತ್ತದೆ. ಕೈಯಗಲದ ಪರದೆಯಲ್ಲಿ ತಮ್ಮ ಕನಸನ್ನೇ ನೋಡುತ್ತ ಪಾತ್ರಗಳು ಅದಕ್ಕೆ ದಾಸರಾಗುತ್ತವೆ. ಉಷೆಗೆ ಆ ಗತಿ ಬರಲಿಲ್ಲ. ಚಿತ್ರ ಸಿಕ್ಕ ಮೇಲೆ ಅವಳಿಗೆ ಬೇಕಾದದ್ದು ಮನುಷ್ಯ. ಚಿತ್ರಲೇಖೆ ಆಕಾಶಮಾರ್ಗವಾಗಿ ದ್ವಾರಕೆಗೆ ಹೋಗಿ, ಮಲಗಿದ್ದ ಅನಿರುದ್ಧನನ್ನು ಹೊತ್ತು ತಂದಳು. ಅವನನ್ನು ಯಾರೂ ಕೇಳಲಿಲ್ಲ ಎಂಬುದು ಈ ಕಥೆಯಲ್ಲಿ ನನಗೆ ಒಪ್ಪಿಗೆಯಾಗದ ಭಾಗ.

ಕೇಳುವುದು ಮುಖ್ಯ. ಉಷೆಯ ಕನಸು ಹೊರಬಂದದ್ದು ಅವಳೇ ಹೇಳಿದ್ದರಿಂದ, ಅವಳೇ ಗುರುತಿಸಿದ್ದರಿಂದ. ನಾಳೆ ನಿಜವಾಗಿಯೂ ಕನಸಿನ ಯಂತ್ರ ಬಂದರೆ ಅದರ ಮೇಲೆ ಮೊದಲ ಹಕ್ಕು ಕನಸು ಕಂಡವರದೇ ಆಗಬೇಕು. ಇದಕ್ಕೆ ಬುನಾದಿ ನಮ್ಮಲ್ಲೇ ಇದೆ. ಒಪ್ಪಿಗೆಯಿಲ್ಲದೆ ಯಾರನ್ನೂ ಮಂಪರು ಪರೀಕ್ಷೆಗಾಗಲಿ ಮಿದುಳಿನ ಪರೀಕ್ಷೆಗಾಗಲಿ ಒಡ್ಡುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 2010ರಲ್ಲಿ ತೀರ್ಪು ಕೊಟ್ಟಿತು. ಆ ಪ್ರಕರಣದ ಹೆಸರು ‘ಸೆಲ್ವಿ ವಿರುದ್ಧ ಕರ್ನಾಟಕ ರಾಜ್ಯ’.