ಅನುಭವಸೂತ್ರದಲ್ಲಿ ಶಕ್ತಿ-ಭಕ್ತಿ ಸಾಮರಸ್ಯ

ಹುಟ್ಟು ಮತ್ತು ಲಯ, ಹೊರಕ್ಕೆ ಹರಡುವುದು ಮತ್ತು ಒಳಕ್ಕೆ ಹಿಂದಿರುಗುವುದು, ಹೀಗೆ ಪರಸ್ಪರ ವಿರುದ್ಧವೆಂದು ತೋರುವ ಎರಡು ಗತಿಗಳು ವಿಶ್ವದಲ್ಲೆಲ್ಲ ಗೋಚರಿಸುತ್ತವೆ. ಶಾಸ್ತ್ರಕಾರರು ಇವುಗಳನ್ನು ಪ್ರವೃತ್ತಿ, ನಿವೃತ್ತಿ ಎಂದು ಕರೆದಿದ್ದಾರೆ. ಇವುಗಳಲ್ಲಿ ಒಂದು ಉಳಿಯಬೇಕಾದರೆ ಮತ್ತೊಂದು ಅಳಿಯಲೇಬೇಕೆ? ಈ ಪ್ರಶ್ನೆ ಪಂಡಿತರ ವಾದಕ್ಕಷ್ಟೇ ಸೇರಿದುದಲ್ಲ. ಕೆಂಗೇರಿಯಿಂದ ಮುಂಜಾನೆಯೇ ಕೆಲಸಕ್ಕೆ ಹೊರಡುವ, ರಾಜಾಜಿನಗರದಲ್ಲಿ ಅಂಗಡಿ ನಡೆಸುವ, ಬಸವೇಶ್ವರನಗರದಲ್ಲಿ ಸಂಸಾರದ ಹೊಣೆ ಹೊತ್ತ ಸದ್ಭಕ್ತರು ಇಷ್ಟಲಿಂಗವನ್ನು ಕರಸ್ಥಲದಲ್ಲಿ ಹಿಡಿದಾಗಲೂ ಇದೇ ಪ್ರಶ್ನೆ ಏಳುತ್ತದೆ. ದಿನದ ಹತ್ತು ಗಂಟೆ ಹೊರಮುಖವಾಗಿ ಓಡಿದ ಮನಸ್ಸಿಗೂ ಪೂಜೆಯ ಅರೆಗಂಟೆಗೂ ಸಂಬಂಧವೇನು? ಇದಕ್ಕೆ ಶಾಸ್ತ್ರೀಯವಾದ ಸಮಾಧಾನವನ್ನು ನೀಡಿದ ಗ್ರಂಥಗಳಲ್ಲಿ ಮಗ್ಗೆಯ ಮಾಯಿದೇವರ ‘ಅನುಭವಸೂತ್ರ’ವು ಅಗ್ರಗಣ್ಯವಾದುದು.

ಗ್ರಂಥ ಮತ್ತು ಗ್ರಂಥಕರ್ತೃ

ಮಾಯಿದೇವರ ಕಾಲ ಕ್ರಿ.ಶ. 1430ರ ಸುಮಾರು. 1424ರಿಂದ 1446ರವರೆಗೆ ವಿಜಯನಗರವನ್ನಾಳಿದ ಪ್ರೌಢದೇವರಾಯನ ಆ ಕಾಲವು ವೀರಶೈವ ವಾಙ್ಮಯದ ಸುಗ್ಗಿಯ ಕಾಲವಾಗಿತ್ತು. ಚಾಮರಸನ ‘ಪ್ರಭುಲಿಂಗಲೀಲೆ’, ಲಕ್ಕಣ ದಂಡೇಶನ ‘ಶಿವತತ್ತ್ವಚಿಂತಾಮಣಿ’ಗಳು ಆಗಲೇ ಮೂಡಿದವು. ಕನ್ನಡದಲ್ಲಿ ಶತಕತ್ರಯವನ್ನು ರಚಿಸಿದ ಮಾಯಿದೇವರು ಷಟ್‍ಸ್ಥಲ ಸಿದ್ಧಾಂತವನ್ನು ಸಂಸ್ಕೃತದಲ್ಲಿ ನಿರೂಪಿಸಲು ಅನುಭವಸೂತ್ರವನ್ನು ಬರೆದರು. ಹನ್ನೆರಡನೆಯ ಶತಮಾನದ ಶರಣರು ಕನ್ನಡದಲ್ಲಿ ಬಾಳಿ ತೋರಿದ ತತ್ತ್ವವನ್ನು ಶಾಸ್ತ್ರದ ಪರಿಭಾಷೆಗೆ ಒಗ್ಗಿಸಿದುದು ಈ ಗ್ರಂಥದ ಹಿರಿಮೆ. ಇಪ್ಪತ್ತನೆಯ ಶತಮಾನದಲ್ಲಿ ಸುರೇಂದ್ರನಾಥ ದಾಸಗುಪ್ತರು ತಮ್ಮ ಭಾರತೀಯ ತತ್ತ್ವಶಾಸ್ತ್ರದ ಇತಿಹಾಸದ ಐದನೆಯ ಸಂಪುಟದಲ್ಲಿ ಇದನ್ನು ಪರಿಶೀಲಿಸಿರುವುದನ್ನು ಸಾಹಿತ್ಯಾಭ್ಯಾಸಿಗಳು ಗಮನಿಸಬೇಕು.

ಒಂದೇ ಸ್ಥಲ, ಎರಡು ಮುಖ

ಗ್ರಂಥದ ಮೂಲಪದವೇ ‘ಸ್ಥಲ’. ವಿಶ್ವವು ಯಾವುದರಲ್ಲಿ ನೆಲೆನಿಂತು ಯಾವುದರಲ್ಲಿ ಲಯವಾಗುವುದೋ ಅದೇ ಸ್ಥಲ. ‘ಸ್ಥ’ಕಾರವು ಸ್ಥಾನವನ್ನೂ ‘ಲ’ಕಾರವು ಲಯವನ್ನೂ ಸೂಚಿಸುತ್ತವೆ. ಹುಟ್ಟು ಮತ್ತು ಲಯಗಳೆಂಬ ವಿರುದ್ಧಾರ್ಥಗಳೆರಡನ್ನೂ ಒಂದೇ ಪದದಲ್ಲಿ ಅಡಗಿಸಿರುವುದು ಆಕಸ್ಮಿಕವಲ್ಲ. ಮುಂದೆ ಪ್ರತಿಪಾದಿತವಾಗುವ ತತ್ತ್ವದ ಬೀಜವೇ ಅಲ್ಲಿದೆ.

ಪರಶಿವನೆಂಬ ಈ ಸ್ಥಲವು ತನ್ನ ಶಕ್ತಿಯ ಸ್ಪಂದನದಿಂದ ಲಿಂಗವೆಂದೂ ಅಂಗವೆಂದೂ ಎರಡಾಗುತ್ತದೆ. ಲಿಂಗವು ಉಪಾಸ್ಯ, ಅಂಗವು ಉಪಾಸಕ. ಆಗ ಶಕ್ತಿಯೂ ಎರಡಾಗಿ, ಲಿಂಗವನ್ನು ಆಶ್ರಯಿಸಿದುದು ಶಕ್ತಿಯೆಂಬ ಹೆಸರನ್ನು ಉಳಿಸಿಕೊಳ್ಳುತ್ತದೆ. ಅಂಗವನ್ನು ಆಶ್ರಯಿಸಿದುದು ಭಕ್ತಿಯೆನಿಸುತ್ತದೆ. ಶಕ್ತಿಯು ಪ್ರವೃತ್ತಿರೂಪವಾದುದು, ಅಧೋಮುಖವಾಗಿ ಪ್ರಪಂಚವನ್ನು ವಿಸ್ತರಿಸುವಂಥದು. ಭಕ್ತಿಯು ನಿವೃತ್ತಿರೂಪವಾದುದು, ಊರ್ಧ್ವಮುಖವಾಗಿ ಮೂಲದೆಡೆಗೆ ಒಯ್ಯುವಂಥದು. ಗತಿ ಬೇರೆ, ವಸ್ತು ಒಂದೇ. ಬೆಟ್ಟವನ್ನು ಇಳಿಯುವ ದಾರಿಯೇ ಏರುವವನಿಗೂ ದಾರಿಯಾಗುವಂತೆ ಜಗತ್ತನ್ನು ಹಬ್ಬಿಸಿದ ಶಕ್ತಿಯೇ ಮುಖ ತಿರುಗಿದಾಗ ಭಕ್ತಿಯಾಗುತ್ತದೆ.

ಈ ನಿಲುವಿನ ವೈಶಿಷ್ಟ್ಯವು ಹೋಲಿಕೆಯಿಂದ ಸ್ಪಷ್ಟವಾಗುತ್ತದೆ. ಸಾಂಖ್ಯರಿಗೆ ಪುರುಷ-ಪ್ರಕೃತಿಗಳು ಎರಡು ಬೇರೆ ತತ್ತ್ವಗಳು. ಅವುಗಳ ಬೇರ್ಪಡೆಯ ಅರಿವೇ ಕೈವಲ್ಯಕ್ಕೆ ಕಾರಣ. ಶಾಂಕರಾದ್ವೈತದಲ್ಲಿ ಮಾಯೆಯು ಜ್ಞಾನೋದಯದಿಂದ ಬಾಧಿತವಾಗತಕ್ಕದ್ದು. ಚೀನಾದೇಶದ ಚಿಂತಕರು ಹೇಳಿದ ಯಿನ್-ಯಾಂಗ್‍ಗಳು ಒಂದರ ಹಿಂದೊಂದು ಏರಿಳಿಯುತ್ತ ಸಮತೋಲವನ್ನು ಕಾಯುತ್ತವೆ. ಮಾಯಿದೇವರ ದೃಷ್ಟಿಯಲ್ಲಿ ಬೇರ್ಪಡೆಯೂ ಇಲ್ಲ, ಬಾಧೆಯೂ ಇಲ್ಲ, ಸರದಿಯ ಏರಿಳಿತವೂ ಇಲ್ಲ. ಇಲ್ಲಿರುವುದು ಮರಳುವಿಕೆ. ವೀರಶೈವ ದರ್ಶನಕ್ಕೆ ಶಕ್ತಿವಿಶಿಷ್ಟಾದ್ವೈತವೆಂಬ ಹೆಸರು ಸಲ್ಲುವುದು ಈ ಕಾರಣದಿಂದಲೇ.

ಆರು ಮೆಟ್ಟಿಲುಗಳ ಜೋಡಣೆ

ಈ ತತ್ತ್ವವು ಷಟ್‍ಸ್ಥಲದಲ್ಲಿ ಅಚ್ಚುಕಟ್ಟಾಗಿ ಬಿಡಿಸಲ್ಪಟ್ಟಿದೆ. ಲಿಂಗವು ಭಾವ, ಪ್ರಾಣ, ಇಷ್ಟವೆಂದು ಮೂರಾಗಿ, ಅವು ಮತ್ತೆ ಮಹಾಲಿಂಗ, ಪ್ರಸಾದಲಿಂಗ, ಜಂಗಮಲಿಂಗ, ಶಿವಲಿಂಗ, ಗುರುಲಿಂಗ, ಆಚಾರಲಿಂಗಗಳೆಂದು ಆರಾಗುತ್ತವೆ. ಇವುಗಳಲ್ಲಿ ಕ್ರಮವಾಗಿ ಚಿಚ್ಛಕ್ತಿ, ಪರಾಶಕ್ತಿ, ಆದಿಶಕ್ತಿ, ಇಚ್ಛಾಶಕ್ತಿ, ಜ್ಞಾನಶಕ್ತಿ, ಕ್ರಿಯಾಶಕ್ತಿಗಳು ನೆಲಸಿವೆ. ಇದು ಇಳಿಯುವ ಕ್ರಮ. ಶುದ್ಧ ಚೈತನ್ಯದಿಂದ ಕ್ರಿಯೆಯವರೆಗೆ.

ಎದುರಿಗೆ ಅಂಗದ ಏರುವ ಕ್ರಮವಿದೆ. ಭಕ್ತನಲ್ಲಿ ಶ್ರದ್ಧಾಭಕ್ತಿ, ಮಹೇಶ್ವರನಲ್ಲಿ ನೈಷ್ಠಿಕಭಕ್ತಿ, ಪ್ರಸಾದಿಯಲ್ಲಿ ಅವಧಾನಭಕ್ತಿ, ಪ್ರಾಣಲಿಂಗಿಯಲ್ಲಿ ಅನುಭವಭಕ್ತಿ, ಶರಣನಲ್ಲಿ ಆನಂದಭಕ್ತಿ, ಐಕ್ಯನಲ್ಲಿ ಸಮರಸಭಕ್ತಿ. ಶಕ್ತಿಯು ಇಳಿದು ಮುಟ್ಟಿದ ಕಡೆಯ ನೆಲೆ ಕ್ರಿಯೆ. ಭಕ್ತಿಯು ಹೆಜ್ಜೆಯಿಡುವ ಮೊದಲ ನೆಲೆಯೂ ಅದೇ. ಕ್ರಿಯಾಶಕ್ತಿಯ ಆಚಾರಲಿಂಗಕ್ಕೆ ಭಕ್ತನ ಶ್ರದ್ಧೆಯು ಸಂಗಾತಿ. ಆದುದರಿಂದ ಕರ್ಮಭೂಮಿಯನ್ನು ಬಿಟ್ಟು ಬೇರೆಲ್ಲಿಂದಲೋ ಸಾಧನೆ ಆರಂಭವಾಗಬೇಕಿಲ್ಲ. ದುಡಿಮೆ, ದಾಸೋಹ, ನಡೆನುಡಿಗಳ ಶುದ್ಧಿ, ಇವೇ ಏಣಿಯ ಮೊದಲ ಮೆಟ್ಟಿಲು.

ಅರ್ಪಣವೇ ಸಾಮರಸ್ಯದ ಸಾಧನ

ಹೊರಮುಖವಾದುದನ್ನು ಒಳಮುಖವಾಗಿಸುವ ಬಗೆ ಹೇಗೆ? ಗ್ರಂಥವು ಇದಕ್ಕೆ ಲಿಂಗಾರ್ಪಣವನ್ನು ವಿಧಿಸುತ್ತದೆ. ಇಂದ್ರಿಯಗಳನ್ನು ದಂಡಿಸಿ ಬತ್ತಿಸಬೇಕೆಂಬ ಮಾತು ಇಲ್ಲಿಲ್ಲ. ಮೂಗಿಗೆ ಬಂದ ಗಂಧವು ಆಚಾರಲಿಂಗಕ್ಕೆ, ನಾಲಗೆಯ ರಸವು ಗುರುಲಿಂಗಕ್ಕೆ, ಕಣ್ಣಿನ ರೂಪವು ಶಿವಲಿಂಗಕ್ಕೆ, ತ್ವಕ್ಕಿನ ಸ್ಪರ್ಶವು ಜಂಗಮಲಿಂಗಕ್ಕೆ, ಕಿವಿಯ ಶಬ್ದವು ಪ್ರಸಾದಲಿಂಗಕ್ಕೆ, ಹೃದಯದ ತೃಪ್ತಿಯು ಮಹಾಲಿಂಗಕ್ಕೆ ಅರ್ಪಿತವಾಗಬೇಕು. ಅರ್ಪಿಸಿದುದು ಪ್ರಸಾದವಾಗಿ ಮರಳಿ ಬರುತ್ತದೆ. ವಿಷಯವು ಅದೇ, ಇಂದ್ರಿಯವೂ ಅದೇ. ನನ್ನದೆಂಬ ಭಾವವೊಂದು ಮಾತ್ರ ನಡುವಿನಿಂದ ಸರಿದಿರುತ್ತದೆ. ಬಂಧನಕ್ಕೆ ಕಾರಣವಾಗಿದ್ದ ಭೋಗವೇ ಆಗ ಯೋಗಕ್ಕೆ ಸಾಧನವಾಗುತ್ತದೆ.

ಒಂದು ಆಕ್ಷೇಪ

ಭಕ್ತಿಯು ಶಕ್ತಿಗಿಂತ ಮಿಗಿಲೆಂದು ಮಾಯಿದೇವರೇ ಹೇಳಿರುವರಲ್ಲ, ಅಂದಮೇಲೆ ಶಕ್ತಿಯೂ ಅದರ ಕಾರ್ಯವಾದ ಜಗತ್ತೂ ಹೇಯವಲ್ಲವೆ ಎಂದು ಕೆಲವರು ಕೇಳಬಹುದು. ಶಕ್ತಿಯು ವಾಸನೆಯಿಂದ ಕೂಡಿದುದು, ಭಕ್ತಿಯು ವಾಸನಾರಹಿತವಾದುದು ಎಂಬ ವಿವೇಚನೆ ಗ್ರಂಥದಲ್ಲಿ ಇರುವುದು ದಿಟ. ಆದರೆ ಇದು ಸಾಧಕನ ದೃಷ್ಟಿಯಿಂದ ಮಾಡಿದ ತಾರತಮ್ಯವೇ ಹೊರತು ತತ್ತ್ವದ ಭೇದವಲ್ಲ. ಊರಿಗೆ ಮರಳುವವನಿಗೆ ಊರಿನ ಕಡೆಯ ಮುಖವೇ ಮೇಲು. ಹಾಗೆಂದು ದಾರಿಯು ಎರಡಾಗದು. ಭಕ್ತಿಯು ಶಕ್ತಿಯ ಶತ್ರುವಾಗಿದ್ದರೆ ಸಮರಸಭಕ್ತಿ ಎಂಬ ಪದಕ್ಕೆ ಅರ್ಥವೇ ಉಳಿಯುತ್ತಿರಲಿಲ್ಲ. ಈ ಸೂಕ್ಷ್ಮವನ್ನು ಮರೆತರೆ ಸಂಸಾರವನ್ನೂ ಸ್ತ್ರೀಯನ್ನೂ ಕಾಯಕವನ್ನೂ ಕೀಳೆಣಿಸುವ ಒಣವೈರಾಗ್ಯಕ್ಕೆ ಎಡೆಯಾಗುತ್ತದೆ. ಅದು ಶರಣಧರ್ಮದ ಹಾದಿಯಲ್ಲ.

ಗ್ರಂಥವು ಕಡೆಗೆ ತಲಪುವ ನೆಲೆ ಕ್ರಿಯಾವಿಶ್ರಾಂತಿ. ಕ್ರಿಯೆಯನ್ನು ಅರ್ಧಕ್ಕೆ ಕೈಬಿಡುವುದು ಇದರ ಅರ್ಥವಲ್ಲ. ಕ್ರಿಯೆಯೇ ಪೂರ್ಣಗೊಂಡು ಲಿಂಗದಲ್ಲಿ ವಿಶ್ರಮಿಸುವುದು. ಕಾಯಕಕ್ಕೂ ಪೂಜೆಗೂ ನಡುವೆ ಗೋಡೆಯನ್ನೆಬ್ಬಿಸಿ ಎರಡು ಬಾಳನ್ನು ಬಾಳುವವನಿಗೆ ಈ ವಿಶ್ರಾಂತಿ ದೊರಕದು. ಹೊರಗಿನ ಹತ್ತು ಗಂಟೆಗಳನ್ನೂ ಅರ್ಪಿತವಾಗಿಸಿಕೊಂಡವನಿಗೆ ಪೂಜೆಯ ಅರೆಗಂಟೆಯು ದಿನವೆಲ್ಲ ವ್ಯಾಪಿಸುತ್ತದೆ. ಅನುಭವಸೂತ್ರವು ಹೆಸರಿಗೆ ತಕ್ಕಂತೆ ಅನುಭವದಿಂದಲೇ ಅರಿಯಬೇಕಾದ ಶಾಸ್ತ್ರ. ಸದ್ಭಕ್ತರು ಇದನ್ನು ಆಚರಣೆಯೊಡನೆಯೂ ಸಾಹಿತ್ಯಾಭ್ಯಾಸಿಗಳು ವಚನಗಳೊಡನೆಯೂ ಹೋಲಿಸಿ ಓದಿದರೆ ಲಿಂಗಾಂಗ ಸಾಮರಸ್ಯವೆಂಬ ಮಾತಿನ ಪೂರ್ಣಾರ್ಥವು ವಿಶದವಾಗುವುದು.