ಬಿಸಿಲನ್ನೇ ದೀಪ ಮಾಡಿದ ಮೈಸೂರಿನ ಮೂರ್ತಿ

ಕತ್ತಲು ತುಂಬಿದ ಸ್ಟುಡಿಯೋ. ಮೇಲಿಂದ ಓರೆಯಾಗಿ ಇಳಿದ ಬೆಳಕಿನ ಕಂಬ. 1959ರ ‘ಕಾಗಜ್ ಕೆ ಫೂಲ್’ ಚಿತ್ರದ ಈ ದೃಶ್ಯಕ್ಕೆ ಬಳಸಿದ್ದು ದೀಪ ಅಲ್ಲ, ಬಿಸಿಲು!

ಹೊರಗಿಟ್ಟ ದೊಡ್ಡ ಕನ್ನಡಿ ಬಿಸಿಲನ್ನ ಒಳಕ್ಕೆ ತಿರುಗಿಸ್ತು. ಒಳಗೆ ಎತ್ತರದಲ್ಲಿದ್ದ ಇನ್ನೊಂದು ಕನ್ನಡಿ ಅದನ್ನ ಕೆಳಗೆ ಇಳಿಸ್ತು. ಗಾಳಿಯಲ್ಲಿ ಧೂಳೋ ಹೊಗೆಯೋ ಇದ್ರೇನೇ ಇಂಥ ಕಿರಣ ಕಣ್ಣಿಗೆ ಕಾಣೋದು. ಸೂರ್ಯನಂತೂ ನಮಗಾಗಿ ಕಾಯಲ್ಲ. ಅವನು ಸರಿದಂತೆ ಬೆಳಕೂ ಜಾಗ ಬಿಡುತ್ತೆ. ಎಂಥ ಧೈರ್ಯ ನೋಡಿ!

ಇಂಥ ಸಾಹಸ ಮಾಡಿದ ಛಾಯಾಗ್ರಾಹಕ ನಮ್ಮ ಮೈಸೂರಿನ ವಿ.ಕೆ. ಮೂರ್ತಿ. ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಕಲಿತು ಬಾಂಬೆಗೆ ಹೋದವರು. 1951ರ ‘ಬಾಜಿ’ಯಲ್ಲಿ ಇನ್ನೂ ಸಹಾಯಕ ಛಾಯಾಗ್ರಾಹಕ. ಅಲ್ಲೇ ಅವರ ಕೈಚಳಕ ಕಂಡ ನಿರ್ದೇಶಕ ಗುರುದತ್, ಮುಂದೆ ‘ಪ್ಯಾಸಾ’, ‘ಸಾಹಿಬ್ ಬೀಬಿ ಔರ್ ಗುಲಾಮ್’ವರೆಗೂ ಅವರನ್ನ ಬಿಡಲಿಲ್ಲ. ಭಾರತದ ಮೊದಲ ಸಿನಿಮಾಸ್ಕೋಪ್ (ಅಗಲ ತೆರೆಯ) ಚಿತ್ರಕ್ಕೆ ಕ್ಯಾಮೆರಾ ಹಿಡಿದವರೂ ಇವರೇ, ಅದೇ ‘ಕಾಗಜ್ ಕೆ ಫೂಲ್’.

ಆಮೇಲೆ ಕಿರುತೆರೆ. ‘ತಮಸ್’ ಧಾರಾವಾಹಿಯಲ್ಲಿ, ಒಂದು ಕಾಲಕ್ಕೆ ತಮ್ಮ ಸಹಾಯಕರಾಗಿದ್ದ ಗೋವಿಂದ್ ನಿಹಲಾನಿ ನಿರ್ದೇಶನದಲ್ಲೇ ಕ್ಯಾಮೆರಾ ಹಿಡಿದ್ರು. ನನಗೆ ಅವರ ದೊಡ್ಡತನ ಕಾಣೋದು ಇಲ್ಲೇ. ಕನ್ನಡದ ‘ಹೂವು ಹಣ್ಣು’ ಚಿತ್ರಕ್ಕೂ ಕ್ಯಾಮೆರಾ ಹಿಡಿದ್ರು.

2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಮೂರ್ತಿಯವರಿಗೆ ಸಂದಿತು. ಅಲ್ಲೀವರೆಗೆ ಯಾವ ಛಾಯಾಗ್ರಾಹಕರಿಗೂ ಅದು ಸಿಕ್ಕಿರಲಿಲ್ಲ.