ಒಲೆಗೆ ಸಗಣಿ ಸಾಕೇ?

ಅಲಾಸ್ಕಾದ ಕಾಡಿನಲ್ಲಿ ವಿದ್ಯುತ್ ತಂತಿ, ಕೊಳಾಯಿಗಳ ಹಂಗಿಲ್ಲದೆ ಬದುಕುವ ಸಂಸಾರಗಳ ವಿಡಿಯೊ ನೋಡಿ, ನಮ್ಮ ತೋಟದ ಮನೆಯಲ್ಲೂ ಹಾಗಿರಬಹುದೇ ಎಂದು ನಾಗಮಂಗಲದ ಓದುಗರೊಬ್ಬರು ಕೇಳಿದ್ದಾರೆ. ಬೆಳಕಿನ ಮಟ್ಟಿಗೆ ನೀವೇ ಅನುಕೂಲಸ್ಥರು. ಅಲ್ಲಿನ ಫೇರ್‌ಬ್ಯಾಂಕ್ಸ್‌ನಲ್ಲಿ ಡಿಸೆಂಬರ್ ಕೊನೆಯ ಹಗಲು ನಾಲ್ಕು ಗಂಟೆಯೂ ಇರುವುದಿಲ್ಲ. ನಮ್ಮ ಅತಿ ಗಿಡ್ಡ ಹಗಲೂ ಹನ್ನೊಂದು ಗಂಟೆ ದಾಟುತ್ತದೆ. ನಾಲ್ಕು ದೀಪ, ಒಂದು ಫ್ಯಾನಿಗೆ ಸೌರಫಲಕ, ಬ್ಯಾಟರಿ ಸಾಕು. ಕಷ್ಟವಿರುವುದು ಒಲೆಯಲ್ಲಿ.

ಒಂದು ಕಿಲೊ ಹಸಿ ಸಗಣಿಯಿಂದ ಸುಮಾರು 40 ಲೀಟರ್ ಗೋಬರ್ ಗ್ಯಾಸ್ ಬರುತ್ತದೆ. ಐದಾರು ಜನರ ಅಡುಗೆಗೆ ದಿನಕ್ಕೆ 2 ಘನ ಮೀಟರ್ ಗ್ಯಾಸ್, ಅಂದರೆ 50 ಕಿಲೊ ಸಗಣಿ ಬೇಕು. ಕೊಟ್ಟಿಗೆಯಲ್ಲೇ ಕಟ್ಟಿ ಮೇಯಿಸುವ ನಾಲ್ಕೈದು ರಾಸುಗಳಾದರೂ ಇರಬೇಕು. ಹೊರಗೆ ಮೇಯಲು ಹೋದ ದನ ಅರ್ಧ ಸಗಣಿಯನ್ನು ಬಯಲಿಗೇ ಬಿಟ್ಟು ಬರುತ್ತದೆ.

ಈ ಲೆಕ್ಕ ಕೂಡಿಬಾರದ ಊರು ನಿಮ್ಮ ಪಕ್ಕದಲ್ಲೇ ಇದೆ: ಕುಣಿಗಲ್ ತಾಲ್ಲೂಕಿನ ಪುರ. ವಿದ್ಯುದ್ರಸಾಯನ ವಿಜ್ಞಾನಿ ಅಮೂಲ್ಯ ರೆಡ್ಡಿಯವರು 1974ರಲ್ಲಿ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ಕಟ್ಟಿದ 'ಅಸ್ತ್ರ' ತಂಡ ಅಲ್ಲಿ ಇಡೀ ಊರಿಗೊಂದು ಗೋಬರ್ ಗ್ಯಾಸ್ ಸ್ಥಾವರ ಹಾಕಿತು. ಮೊದಲ ಗುರಿ ಅಡುಗೆಯೇ. ಆದರೆ ಊರಿನ ಅಷ್ಟೂ ಒಲೆಗೆ ಸಗಣಿ ಸಾಲಲಿಲ್ಲ. ಜನರಿಗೆ ಹೆಚ್ಚು ಬೇಕಿದ್ದದ್ದು ಕುಡಿಯುವ ನೀರು. 1987ರಿಂದ ಅದೇ ಗ್ಯಾಸ್ ಸ್ವಲ್ಪ ಡೀಸೆಲ್ ಜೊತೆ ಎಂಜಿನ್ ಓಡಿಸಿ, ಕೊಳವೆಬಾವಿಯ ನೀರನ್ನು ಮೇಲೆತ್ತಿತು, ಮನೆಗಳಿಗೆ ದೀಪ ಕೊಟ್ಟಿತು. ಸಗಣಿ ಕೊಟ್ಟವರು ಗೊಬ್ಬರವಾಗಿ ಬಗ್ಗಡವನ್ನು ಮರಳಿ ಪಡೆದರು. ಎಂಜಿನ್ ಇಂಧನದ ಬಹುಪಾಲು ಶಕ್ತಿಯನ್ನು ಶಾಖವಾಗಿ ಕಳೆದರೂ ಗ್ಯಾಸ್ ಸಾಲುತ್ತಿತ್ತು. ದೀಪಕ್ಕೆ ಬೇಕಾದದ್ದು ಹತ್ತಾರು ವ್ಯಾಟ್, ಒಲೆಗೆ ಕಿಲೊವ್ಯಾಟ್‌ಗಟ್ಟಲೆ. ಸೋತ ಲೆಕ್ಕವನ್ನು ಮುಚ್ಚಿಡದೆ ಊರಿನವರ ಮಾತು ಕೇಳಿ ಯೋಜನೆಯನ್ನೇ ತಿರುಗಿಸಿದ ಈ ವಿಜ್ಞಾನ ನನಗೆ ಯಾವ ಕಾಡಿನ ಸಾಹಸಕ್ಕಿಂತಲೂ ದೊಡ್ಡದು.

ಇನ್ನು ನೀರು. ಸಗಣಿಯನ್ನು ಅಷ್ಟೇ ನೀರಿನಲ್ಲಿ ಕಲಸಬೇಕು: ದಿನಕ್ಕೆ 50 ಲೀಟರ್, ವರ್ಷಕ್ಕೆ 18,000 ಲೀಟರಿಗೂ ಹೆಚ್ಚು. 700 ಮಿ.ಮೀ. ಮಳೆ ಬಿದ್ದರೆ 100 ಚದರ ಮೀಟರ್ ಚಾವಣಿಯಲ್ಲಿ ಒಂದು ಹನಿ ಪೋಲಾಗದಿದ್ದರೂ ಸಿಗುವುದು 70,000 ಲೀಟರ್. ಅದರಲ್ಲಿ ಕಾಲು ಭಾಗ ಸಗಣಿಗೇ ಹೋಯಿತು! ಶ್ರೀರಂಗಪಟ್ಟಣ, ಪಾಂಡವಪುರದ ನಾಲೆ ಬಯಲಿನವರಿಗೆ ಇದು ಚಿಂತೆಯಲ್ಲ. ಮೇವೂ ಅಲ್ಲಿ ಸುಲಭ. ಕೆ.ಆರ್. ಪೇಟೆಯ ಮಳೆಯಾಶ್ರಿತ ಹೊಲಗಳಲ್ಲಿ, ನಿಮ್ಮ ನಾಗಮಂಗಲದ ಬೆದ್ದಲಿನಲ್ಲಿ ಹಾಗಲ್ಲ. ಕೊಟ್ಟಿಗೆ ತೊಳೆದ ನೀರನ್ನೂ ಬಗ್ಗಡದಿಂದ ಬಸಿದ ತಿಳಿಯನ್ನೂ ಕಲಸಲು ಬಳಸಿ. ಫಲಕ ಕೊಳ್ಳುವ ಮೊದಲು ಬೇಸಿಗೆಗೆ ಎಷ್ಟು ರಾಗಿ ಹುಲ್ಲು ಉಳಿಯುತ್ತದೆ, ಎಷ್ಟು ರಾಸು ಸಾಕಬಹುದು ಎಂದು ಎಣಿಸಿಕೊಳ್ಳಿ.